‘ಆರ್ಕೈವ್ ಫೂಟೇಜ್’ಗೆ ಕನ್ನಡದಲ್ಲಿ ಏನೆನ್ನಬೇಕು?

ಪ್ರಶ್ನೆ (ಮಂಡ್ಯದಿಂದ): ಅಂಬರೀಶ್ ಅವರ ಹಳೆಯ ಭಾಷಣದ ತುಣುಕು ಸೇರಿರುವ ಸಾಕ್ಷ್ಯಚಿತ್ರವೊಂದಕ್ಕೆ ಟೈಟಲ್ ಕಾರ್ಡ್ ಬರೆಯಬೇಕಿದೆ. ತಾರಾಗಣದಲ್ಲಿ ಅವರ ಹೆಸರಿನ ಮುಂದೆ ‘ಪತ್ರಾಗಾರ ದೃಶ್ಯ’ ಎಂದರೆ ಸರಿಯೇ ಸಾರ್?

ಉತ್ತರ (ಮೈಸೂರಿನಿಂದ): ‘ಪತ್ರಾಗಾರ’ ಬೇಡಿ. ಅದು ಕಡತ, ಕಾಗದಪತ್ರ ಕಾಪಿಡುವ ಜಾಗ. ಪತ್ರಿಕೆಗಳು ಹಳೆಯ ಫೋಟೊ ಅಚ್ಚುಹಾಕುವಾಗ ಕೆಳಗೆ ‘ಸಂಗ್ರಹ ಚಿತ್ರ’ ಎಂದು ಬರೆಯುತ್ತವೆ, ಯಾರೂ ಅರ್ಥ ಕೇಳುವುದಿಲ್ಲ. ಅದೇ ಜಾಡಿನಲ್ಲಿ ‘ಸಂಗ್ರಹ ದೃಶ್ಯ’ ಎನ್ನಿ. ದನಿಯನ್ನಷ್ಟೇ ಬಳಸಿದ್ದರೆ ‘ಸಂಗ್ರಹ ಧ್ವನಿ’. ಫೂಟೇಜಿನೊಳಗಿನ ‘ಅಡಿ’ಯನ್ನು ಕನ್ನಡಕ್ಕೆ ಎಳೆದು ತರಬೇಕಿಲ್ಲ. 35 ಮಿ.ಮೀ. ಫಿಲ್ಮಿನಲ್ಲಿ ಅಡಿಗೆ 16 ಫ್ರೇಮು, ಸೆಕೆಂಡಿಗೆ 24 ಫ್ರೇಮಿನಂತೆ ನಿಮಿಷಕ್ಕೆ 90 ಅಡಿ ಓಡುತ್ತಿತ್ತು. ಆ ಅಳತೆಯಿಂದ ಹುಟ್ಟಿದ ಪದ ಅದು.

ಜನ ಹೆಚ್ಚು ಎಡವುವುದು ಕ್ರಿಯಾಪದದಲ್ಲಿ. ‘ನಟಿಸಿದ್ದಾರೆ’ ಎಂದರೆ 2018ರಲ್ಲೇ ತೀರಿಹೋದವರು ನಿಮ್ಮ ಕ್ಯಾಮೆರಾ ಮುಂದೆ ನಿಂತಂತಾಯಿತು. ‘ಕಾಣಿಸಿಕೊಂಡಿದ್ದಾರೆ’ಯೂ ತಪ್ಪೇ. ‘ಜ್ವರ ಕಾಣಿಸಿಕೊಂಡಿತು’ ಎನ್ನುವಾಗ ಇಚ್ಛೆಯ ಮಾತಿಲ್ಲ ನಿಜ, ಆದರೆ ಕಲಾವಿದರಿಗೆ ಹೇಳಿದಾಗ ‘ಕೊಳ್ಳು’ ತಾವಾಗಿ ಒಪ್ಪಿ ಬಂದರೆಂಬ ಅರ್ಥ ಕೊಡುತ್ತದೆ. ‘ಸಂಗ್ರಹ ದೃಶ್ಯದಲ್ಲಿ ಕಾಣುತ್ತಾರೆ’ ಎನ್ನಿ, ಇಲ್ಲವೇ ಕ್ರಿಯಾಪದವನ್ನೇ ಬಿಡಿ. ಭಾಷಣದಲ್ಲಿ ಅವರು ಅವರಾಗಿಯೇ ಇರುವುದರಿಂದ ತಾರಾಗಣಕ್ಕೆ ಸೇರಿಸಬೇಡಿ. ಬೇರೆ ಕಾರ್ಡಿನಲ್ಲಿ ಹೀಗೆ ಹಾಕಿ: ‘ಸಂಗ್ರಹ ದೃಶ್ಯ: ಅಂಬರೀಶ್’. ಅದರಡಿ ಭಾಷಣದ ಊರು, ಇಸವಿ, ತುಣುಕು ಕೊಟ್ಟವರ ಹೆಸರು ಬರಲಿ. ಜಯಚಾಮರಾಜ ಒಡೆಯರ್ ಅವರ ದಸರಾ ತುಣುಕು ಬಳಸುವವರಿಗೂ ಇದೇ ಕ್ರಮ.

ಇನ್ನೆರಡು ಸಂದರ್ಭಗಳನ್ನು ಇದರೊಡನೆ ಬೆರೆಸಬಾರದು. 2021ರಲ್ಲಿ ತೀರಿಕೊಂಡ ಪುನೀತ್ ಅವರ ‘ಜೇಮ್ಸ್’ ತೆರೆಗೆ ಬಂದದ್ದು 2022ರ ಮಾರ್ಚಿನಲ್ಲಿ. ಅದಕ್ಕೆಂದೇ ಅವರು ಅಭಿನಯಿಸಿದ್ದರು, ಹಾಗಾಗಿ ಅಲ್ಲಿ ‘ನಟಿಸಿದ್ದಾರೆ’ ಎಂಬುದೇ ಸರಿ, ಬಿಡುಗಡೆಯಷ್ಟೇ ಮರಣೋತ್ತರ. 2016ರ ‘ನಾಗರಹಾವು’ವಿನಲ್ಲಿ ವಿಷ್ಣುವರ್ಧನ್ ಅವರ ರೂಪವನ್ನು ಗ್ರಾಫಿಕ್ಸಿನಲ್ಲಿ ಕಟ್ಟಿದರು. ಅದು ‘ಡಿಜಿಟಲ್ ಮರುಸೃಷ್ಟಿ’. ಅದನ್ನು ಸಂಗ್ರಹ ದೃಶ್ಯ ಎಂದರೆ ಅವರು ಮಾಡದ ಅಭಿನಯವನ್ನು ಅವರ ತಲೆಗೆ ಕಟ್ಟಿದಂತೆ. ಈ ಗೆರೆಯನ್ನು ಬಿಗಿಯಾಗಿ ಕಾಯಬೇಕು.

ತುಣುಕು ಓಡುವಾಗ ತೆರೆಯ ಮೇಲೂ ‘ಸಂಗ್ರಹ ದೃಶ್ಯ’ ಎಂದಿರಲಿ. ಹಳೆಯ ಟೀವಿ ಚಿತ್ರದ ಅಗಲ-ಎತ್ತರದ ಅನುಪಾತ 4:3. ಅದನ್ನು ಇಂದಿನ ಅಗಲ ತೆರೆಯ 16:9ಕ್ಕೆ ಹಿಗ್ಗಿಸಿದರೆ ಮುಖ ಮೂರನೇ ಒಂದು ಭಾಗದಷ್ಟು ಅಗಲವಾಗುತ್ತದೆ. ಹಿಗ್ಗಿಸದಿದ್ದರೆ 1920 ಪಿಕ್ಸೆಲ್ ಅಗಲದಲ್ಲಿ ಎರಡೂ ಬದಿ 240 ಪಿಕ್ಸೆಲ್‌ನ ಕಪ್ಪು ಪಟ್ಟಿ ಉಳಿಯುತ್ತದೆ. ಅಲ್ಲೇ ಎರಡು ಸಾಲಾಗಿ ಬರೆಯಬಹುದು, ಮುಖಕ್ಕೆ ಅಡ್ಡ ಬರುವುದಿಲ್ಲ. ಸಾಲಿನ ನಡುವೆ ಮಾತ್ರ ಧಾರಾಳ ಜಾಗ ಬಿಡಿ. ಬಿಗಿಯಾದರೆ ‘ಗ್ರ’ದ ಒತ್ತು ಕೆಳಗಿನ ‘ದೃಶ್ಯ’ದ ನೆತ್ತಿಗೆ ತಾಗುತ್ತದೆ.