ಡ್ಯಾಕ್ರಿಯೋಸಿಸ್ಟೋರೈನಾಸ್ಟಮಿ ಅಂದ್ರೆ ಏನು ಡಾಕ್ಟ್ರೇ? ಪೊರೆ ಆಪರೇಷನ್‌ಗೆ ಮುಂಚೆ ಇದ್ಯಾಕೆ?

ಪ್ರಶ್ನೆ (ಹೊಸನಗರ ತಾಲೂಕಿನ ಸದಸ್ಯರು):

ಡಾಕ್ಟ್ರೇ ನಮಸ್ಕಾರ. ನಮ್ಮ ಅಮ್ಮನಿಗೆ 63 ವರ್ಷ. ಎಡಗಣ್ಣಲ್ಲಿ ಬಹಳ ದಿನದಿಂದ ನೀರು ಸೋರ್ತಾ ಇತ್ತು, ಬೆಳಿಗ್ಗೆ ಎದ್ದಾಗ ಗೀಜು ಕಟ್ಟಿರುತ್ತೆ. ಬಚ್ಚಲೊಲೆ ಹೊಗೆ, ಸುಗ್ಗಿಯಲ್ಲಿ ಅಡಿಕೆ ಬೇಯಿಸೋ ಹೊಗೆ, ಅದಕ್ಕೇ ಇರಬೇಕು ಅಂತ ಯಾರೂ ತಲೆ ಕೆಡಿಸಿಕೊಂಡಿರಲಿಲ್ಲ. ಈಗ ಅದೇ ಕಣ್ಣಿಗೆ ಪೊರೆ ಬಂದಿದೆ ಅಂತ ಶಿವಮೊಗ್ಗಕ್ಕೆ ಕರ್ಕೊಂಡು ಹೋದ್ವಿ. ಕಣ್ಣಿನ ಮೂಲೆಯಲ್ಲಿ ಸೂಜಿಯಂಥದ್ದು ಇಟ್ಟು ನೀರು ಬಿಟ್ಟು, "ಗಂಟಲಿಗೆ ನೀರು ಬಂತೇನಮ್ಮಾ?" ಅಂತ ಕೇಳಿದ್ರು. ಗಂಟಲಿಗೆ ಬರಲಿಲ್ಲ, ಕೀವಿನ ಜೊತೆ ಕಣ್ಣಿಂದಲೇ ವಾಪಸ್ ಬಂತು. ಪೊರೆ ಆಪರೇಷನ್ ಈಗ ಬೇಡ, ಮೊದಲು ಇದನ್ನ ಮಾಡಿಸಿ ಅಂತ ಚೀಟಿಯಲ್ಲಿ "ಎಡಗಣ್ಣು, ಡ್ಯಾಕ್ರಿಯೋಸಿಸ್ಟೋರೈನಾಸ್ಟಮಿ" ಅಂತ ಬರೆದುಕೊಟ್ಟರು. ಬಾಯಲ್ಲಿ ಡಿಸಿಆರ್ ಅಂದ್ರು.

ಮನೆಗೆ ಬಂದ ಮೇಲೆ ನಮ್ಮ ಸೋದರಮಾವ ಚೀಟಿ ಓದಿ, ಮಧ್ಯದಲ್ಲಿ "ಸಿಸ್ಟ್" ಅಂತಿದೆ, ಅಂದ್ರೆ ಗಡ್ಡೆ, ನಮಗೆ ಬಿಡಿಸಿ ಹೇಳಿಲ್ಲ ಅಂತ ಶುರು ಮಾಡಿದ್ದಾರೆ. ಅಮ್ಮ ಎರಡು ಹೊತ್ತಿಂದ ಸರಿಯಾಗಿ ಊಟ ಮಾಡಿಲ್ಲ. ಈ ಪದದ ಅರ್ಥ ಏನು? ಇದು ನಿಜವಾಗ್ಲೂ ಬೇಕಾ, ಅಥವಾ ಸೀದಾ ಪೊರೆ ತೆಗೆಸಿಬಿಡಬಹುದಾ?

ಉತ್ತರ (ಕಣ್ಣಿನ ಡಾಕ್ಟರ್, ಶಿವಮೊಗ್ಗ):

ಮೊದಲು ನಿಮ್ಮ ತಾಯಿಯವರಿಗೆ ಊಟ ಮಾಡಿಸಿ. ಗಡ್ಡೆ ಅಂತ ಆ ಚೀಟಿಯಲ್ಲಿ ಎಲ್ಲೂ ಬರೆದಿಲ್ಲ.

ಈ ಪದದಲ್ಲಿ ನಾಲ್ಕು ಗ್ರೀಕ್ ತುಂಡುಗಳಿವೆ. "ಡ್ಯಾಕ್ರಿಯೋ" ಅಂದ್ರೆ ಕಣ್ಣೀರು. "ಸಿಸ್ಟೋ" ಅಂದ್ರೆ ಚೀಲ. "ರೈನೋ" ಅಂದ್ರೆ ಮೂಗು. ಘೇಂಡಾಮೃಗದ ಇಂಗ್ಲಿಷ್ ಹೆಸರಲ್ಲಿ ಇರುವುದೂ ಇದೇ ಮೂಗು, ಮೂಗಿನ ಮೇಲೆ ಕೊಂಬಿರುವ ಪ್ರಾಣಿ ಅಂತ. ಕೊನೆಯ "ಸ್ಟಮಿ" ಬಂದಿರುವುದು ಬಾಯಿ ಅನ್ನುವ ಅರ್ಥದ "ಸ್ಟೋಮಾ"ದಿಂದ. ಎಲ್ಲಾ ಸೇರಿಸಿದರೆ, ಕಣ್ಣೀರಿನ ಚೀಲಕ್ಕೂ ಮೂಗಿಗೂ ನಡುವೆ ಹೊಸದಾಗಿ ಒಂದು ಬಾಯಿ ತೆರೆಯುವ ಆಪರೇಷನ್.

ನಿಮ್ಮ ಮಾವನವರ ಗಾಬರಿ ಅರ್ಥವಾಗುತ್ತೆ. ಸ್ಕ್ಯಾನ್ ರಿಪೋರ್ಟಿನಲ್ಲಿ "ಸಿಸ್ಟ್" ಅಂತ ಕಂಡರೆ ಎಲ್ಲರಿಗೂ ಅಂಡಾಶಯದ ಗಡ್ಡೆಯೋ ಕಿಡ್ನಿಯ ನೀರುಗುಳ್ಳೆಯೋ ನೆನಪಾಗುತ್ತೆ. ಆದರೆ ವೈದ್ಯರ ಪದಗಳಲ್ಲಿ ಅದು ಎಷ್ಟೋ ಸಲ ದೇಹದಲ್ಲಿ ಹುಟ್ಟಿನಿಂದಲೇ ಇರುವ ಚೀಲದ ಹೆಸರು. ಮೂತ್ರಚೀಲದ ಉರಿಯೂತಕ್ಕೆ ಸಿಸ್ಟೈಟಿಸ್ ಅಂತಾರೆ, ಪಿತ್ತಕೋಶದ ಉರಿಯೂತಕ್ಕೆ ಕೋಲಿಸಿಸ್ಟೈಟಿಸ್. ಇವು ಯಾವುದರಲ್ಲೂ ಗಡ್ಡೆ ಇಲ್ಲ. ಕಣ್ಣೀರಿನ ಚೀಲ ನಿಮಗೂ ಇದೆ, ನನಗೂ ಇದೆ.

ಇನ್ನು ಅಲ್ಲಿ ಏನಾಗಿದೆ ಅಂತ ನೋಡೋಣ. ಕನ್ನಡಿ ಮುಂದೆ ನಿಂತು ಕೆಳರೆಪ್ಪೆಯನ್ನು ಮೂಗಿನ ಕಡೆ ಸ್ವಲ್ಪ ಹೊರಮಾಡಿ ನೋಡಿ, ಅಂಚಿನಲ್ಲಿ ಸೂಜಿಮೊನೆಯಷ್ಟು ತೂತು ಕಾಣುತ್ತೆ. ಮೇಲಿನ ರೆಪ್ಪೆಯಲ್ಲೂ ಒಂದಿದೆ. ಕಣ್ಣೀರು ಈ ಎರಡು ತೂತುಗಳಿಂದ ಸಣ್ಣ ಕೊಳವೆಗಳಿಗೆ ಇಳಿದು, ಮೂಗಿನ ಬುಡದ ಪಕ್ಕ ಇರುವ ಚೀಲಕ್ಕೆ ಬಂದು, ಅಲ್ಲಿಂದ ಮೂಳೆಯೊಳಗಿನ ನಾಳದಲ್ಲಿ ಹಾದು ಮೂಗಿಗೆ ಹೋಗುತ್ತೆ. ಅತ್ತಾಗ ಮೂಗು ಸುರಿಯುವುದು, ಕಣ್ಣಿಗೆ ಹಾಕಿದ ಡ್ರಾಪ್ಸ್ ಗಂಟಲಲ್ಲಿ ಕಹಿಯಾಗುವುದು, ಎರಡೂ ಈ ದಾರಿ ಚೆನ್ನಾಗಿದೆ ಅನ್ನುವುದಕ್ಕೆ ಗುರುತು. ನಿಮ್ಮ ತಾಯಿಯವರಿಗೆ ಚೀಲದ ಕೆಳಗಿನ ನಾಳ ಕಟ್ಟಿಕೊಂಡಿದೆ. ಐವತ್ತು ದಾಟಿದ ಹೆಂಗಸರಲ್ಲಿ ಇದು ಹೆಚ್ಚು. ಅವರ ಮೂಳೆಯ ನಾಳ ಗಂಡಸರದ್ದಕ್ಕಿಂತ ಕಿರಿದು ಅನ್ನುವುದು ಒಂದು ಕಾರಣ.

ತೋಟದ ಬಸಿಗಾಲುವೆ ತುದಿಯಲ್ಲಿ ಮುಚ್ಚಿಹೋಗಿ, ಅಗೆದರೂ ಬಿಡದೆ ಹೋದರೆ ಏನು ಮಾಡ್ತೀರಿ? ಮೇಲುಗಡೆ ದಂಡೆ ಕಡಿದು ಪಕ್ಕದ ಕಾಲುವೆಗೆ ನೀರು ತಿರುಗಿಸ್ತೀರಿ. ಡಿಸಿಆರ್ ಕೂಡ ಅದೇ ಕೆಲಸ. ಕಟ್ಟಿದ ನಾಳವನ್ನು ಮುಟ್ಟುವುದೇ ಇಲ್ಲ. ಚೀಲಕ್ಕೂ ಮೂಗಿಗೂ ನಡುವೆ ಇರುವ ತೆಳು ಮೂಳೆಯನ್ನು ಸ್ವಲ್ಪ ತೆಗೆದು, ಚೀಲದ ಒಳಪೊರೆಯನ್ನು ಮೂಗಿನ ಒಳಪೊರೆಗೆ ಕೂಡಿಸುತ್ತಾರೆ. ಹೊರಗಿನಿಂದ ಮಾಡುವ ಕ್ರಮವನ್ನು ಇಟಲಿಯ ಟೋಟಿ ಎಂಬ ವೈದ್ಯರು 1904ರಲ್ಲಿ ವಿವರಿಸಿದರು. ಮೂಗಿನ ಒಳಗಿಂದ ಮಾಡುವ ಪ್ರಯತ್ನವನ್ನು ಅದಕ್ಕೂ ಮುಂಚೆ, 1893ರಲ್ಲೇ, ಕಾಲ್ಡ್‌ವೆಲ್ ಎಂಬವರು ಬರೆದಿದ್ದರು. ಆದರೆ ಒಳಗೆ ತೂರಿಸಿ ನೋಡುವ ದೀಪದ ಕೊಳವೆ, ಅಂದ್ರೆ ಎಂಡೋಸ್ಕೋಪ್, ಬಂದ ಮೇಲೇ ಅದು ಕೈಗೆ ಹತ್ತಿದ್ದು.

ಈಗ ನಿಮ್ಮ ಮುಖ್ಯ ಪ್ರಶ್ನೆ. ಸೀದಾ ಪೊರೆ ತೆಗೆಸಬೇಡಿ. ಚೀಟಿ ಬರೆದವರು ಹೇಳಿದ ಕ್ರಮವೇ ಸರಿ. ಕಟ್ಟಿಕೊಂಡ ಚೀಲದಲ್ಲಿ ನೀರು ನಿಂತು ಬ್ಯಾಕ್ಟೀರಿಯಾ ಬೆಳೆದಿರುತ್ತೆ, ಒತ್ತಿದಾಗಲೆಲ್ಲ ಕೀವು ಕಣ್ಣಿನ ಮೇಲೆ ಬರುತ್ತೆ. ಪೊರೆ ಆಪರೇಷನ್ ಅಂದರೆ ಕಣ್ಣುಗುಡ್ಡೆಯನ್ನೇ ತೆರೆಯುವುದು. ಆಗ ಆ ಸೋಂಕು ಒಳಗೆ ಹೋದರೆ ಎಂಡಾಫ್ತಲ್ಮೈಟಿಸ್, ಅಂದ್ರೆ ಕಣ್ಣುಗುಡ್ಡೆಯ ಒಳಗೇ ತೀವ್ರ ಉರಿಯೂತ, ಆಗಬಹುದು, ದೃಷ್ಟಿಯೇ ಹೋಗಬಹುದು. ಪೊರೆಗೆ ಮುಂಚೆ ಕಣ್ಣಿನ ಮೂಲೆ ಒತ್ತಿ ನೋಡುವುದು, ನೀರು ಬಿಟ್ಟು ನೋಡುವುದು ಇದೇ ಕಾರಣಕ್ಕೆ. ಸಾಮಾನ್ಯವಾದ ಪೊರೆ ಕೆಲವು ವಾರ ಕಾದರೆ ನಷ್ಟವಿಲ್ಲ.

ತೀರ್ಥಹಳ್ಳಿಯ ಸದಸ್ಯೆ:

ಡಾಕ್ಟ್ರೇ, ನಮ್ಮ ಅತ್ತೆಗೆ 81 ವರ್ಷ, ಅವರಿಗೂ ಹೀಗೇ ಕೀವು ಬರ್ತಿತ್ತು. ಅವರ ಡಿಸ್ಚಾರ್ಜ್ ಕಾರ್ಡಿನಲ್ಲಿ "ಡ್ಯಾಕ್ರಿಯೋಸಿಸ್ಟೆಕ್ಟಮಿ" ಅಂತಿದೆ. ಎರಡೂ ಒಂದೇನಾ? ಅವರಿಗೆ ಆಪರೇಷನ್ ಆದ ಮೇಲೂ ಕಣ್ಣಲ್ಲಿ ನೀರು ಬರ್ತಾ ಇದೆ. ಸರಿಯಾಗಿ ಮಾಡಿಲ್ವೇನೋ ಅಂತ ನಮ್ಮನೇಲಿ ಮಾತು.

ಉತ್ತರ:

ಒಂದೇ ಅಲ್ಲ. ಇಂಥ ಪದಗಳಲ್ಲಿ ಬಾಲ ನೋಡಬೇಕು, ಜನ ತಲೆ ನೋಡಿ ಬಿಟ್ಟುಬಿಡ್ತಾರೆ. "ಎಕ್ಟಮಿ" ಅಂದರೆ ತೆಗೆದುಹಾಕುವುದು. ಗರ್ಭಕೋಶ ತೆಗೆಯುವ ಹಿಸ್ಟರೆಕ್ಟಮಿ, ಅಪೆಂಡಿಕ್ಸ್ ತೆಗೆಯುವ ಅಪೆಂಡಿಸೆಕ್ಟಮಿ ನಿಮಗೆ ಗೊತ್ತಿರುತ್ತೆ. "ಸ್ಟಮಿ" ಅಂದರೆ ಬಾಯಿ ತೆರೆಯುವುದು. ಗಂಟಲಿಗೆ ಮಾಡುವ ಟ್ರೇಕಿಯಾಸ್ಟಮಿ, ಕರುಳಿಗೆ ಮಾಡುವ ಕೊಲಾಸ್ಟಮಿ ಈ ಗುಂಪು. ಬರೀ "ಟಮಿ" ಅಂತಿದ್ದರೆ ಕೊಯ್ದು ತೆರೆಯುವುದು ಅಷ್ಟೇ. ಸದ್ದು ಹತ್ತಿರ, ಕೆಲಸ ಬೇರೆ ಬೇರೆ.

ನಿಮ್ಮ ಅತ್ತೆಯವರಿಗೆ ಚೀಲವನ್ನೇ ತೆಗೆದಿದ್ದಾರೆ, ನಾವು ಡಿಸಿಟಿ ಅಂತೀವಿ. ಕೀವಿನ ಮನೆಯೇ ಹೋಯಿತು, ಆದ್ದರಿಂದ ಸೋಂಕಿನ ಕಾಟ ಇಲ್ಲ. ಆದರೆ ಕಣ್ಣೀರು ಇಳಿಯಲು ಹೊಸ ದಾರಿ ಮಾಡಿಲ್ಲ, ಹಾಗಾಗಿ ನೀರು ಸೋರುತ್ತಲೇ ಇರುತ್ತೆ. ಅದು ಕೆಟ್ಟ ಕೆಲಸವಲ್ಲ, ಆ ಆಪರೇಷನ್ನಿನ ಸ್ವಭಾವವೇ ಹಾಗೆ. ತುಂಬಾ ವಯಸ್ಸಾದವರು, ಹೆಚ್ಚು ಹೊತ್ತಿನ ಆಪರೇಷನ್ ತಡೆಯದವರು, ಮೊದಲೇ ಕಣ್ಣು ಒಣಗಿರುವವರು, ಮೂಗಿನ ಒಳಪೊರೆ ಸವೆದುಹೋದವರು, ಇವರಿಗೆ ಇದನ್ನೇ ಆರಿಸುತ್ತೇವೆ. ಚೀಲದಲ್ಲಿ ಗಡ್ಡೆಯ ಅನುಮಾನ ಇದ್ದರೂ ಅಷ್ಟೇ. ಕೆರೆ ಹೊಂಡಗಳಲ್ಲಿ ಸ್ನಾನ ಮಾಡುವವರಲ್ಲಿ ಕಾಣುವ ರೈನೋಸ್ಪೊರಿಡಿಯೋಸಿಸ್ ಅಂತ ಒಂದು ಕಾಯಿಲೆ ಇದೆ, ದಕ್ಷಿಣ ಭಾರತಕ್ಕೆ ಹೊಸದಲ್ಲ, ಕಣ್ಣೀರಿನ ಜೊತೆ ರಕ್ತ ಬರಬಹುದು. ಅದು ಚೀಲದಲ್ಲಿದ್ದಾಗ ಮೂಗಿಗೆ ದಾರಿ ಮಾಡಿದರೆ ಹರಡಬಹುದು, ಅದಕ್ಕೂ ಚೀಲ ತೆಗೆಯುವುದೇ.

ಆಪರೇಷನ್ನಿಗೆ ಮುಂಚೆ "ನೀರು ನಿಲ್ಲುತ್ತಾ, ಕೀವು ಮಾತ್ರ ನಿಲ್ಲುತ್ತಾ?" ಅಂತ ಒಂದು ಮಾತು ಕೇಳಿಕೊಂಡಿದ್ದರೆ ಮನೆಯಲ್ಲಿ ಈ ಗೊಂದಲ ಇರುತ್ತಿರಲಿಲ್ಲ. ಹೇಳಬೇಕಾದ್ದು ನಮ್ಮ ಕಡೆಯವರೂ ಹೌದು.

ಸಾಗರದ ಸದಸ್ಯರು (ಆಸ್ಪತ್ರೆಯೊಂದರ ಬಿಲ್ಲಿಂಗ್ ವಿಭಾಗ):

ಒಂದು ಮಾತು ಸೇರಿಸ್ತೀನಿ ಸರ್. ಇನ್ಶೂರೆನ್ಸ್ ಫಾರಂನಲ್ಲಿ ಡಿಸಿಆರ್ ಬದಲು ಡಿಸಿಟಿ ಅಂತ ಬಿದ್ದರೆ ಕ್ಲೇಮು ಪ್ರಶ್ನೆಗೆ ಬೀಳುತ್ತೆ, ಯಾವ ಕಣ್ಣು ಅಂತ ಬರೆಯದೆ ಹೋದರೂ ಹಾಗೇ. ಕೆಲವರು ಬರೀ "ಕಣ್ಣಿನ ಆಪರೇಷನ್" ಅಂತ ತುಂಬಿಸಿಕೊಂಡು ಬರ್ತಾರೆ.

ಉತ್ತರ:

ಸರಿಯಾಗಿ ಹೇಳಿದ್ರಿ. ಪೂರ್ತಿ ಪದ, ಯಾವ ಕಣ್ಣು, ಹೊರಗಿನಿಂದಲೋ ಮೂಗಿನೊಳಗಿಂದಲೋ, ಈ ಮೂರೂ ಎಲ್ಲಾ ಕಾಗದದಲ್ಲೂ ಒಂದೇ ಥರ ಇರಲಿ. ಆಯುಷ್ಮಾನ್ ಕಾರ್ಡ್ ಇರುವವರು ದಿನ ಗೊತ್ತುಮಾಡುವ ಮುಂಚೆಯೇ ಆಸ್ಪತ್ರೆಯ ಆರೋಗ್ಯಮಿತ್ರರನ್ನು ಕಂಡು ಕೇಳಿಬಿಡಿ. ಅಂದ ಹಾಗೆ "ಸಿಡಿಸಿಆರ್" ಅಂತ ಇನ್ನೊಂದಿದೆ, ಅದರ ಪೂರ್ತಿ ಹೆಸರು ಇದಕ್ಕಿಂತ ಉದ್ದ, ಮುಂದೆ "ಕಂಜಂಕ್ಟೈವೋ" ಸೇರಿಕೊಳ್ಳುತ್ತೆ. ರೆಪ್ಪೆಯ ಸಣ್ಣ ಕೊಳವೆಗಳೇ ಹಾಳಾದವರಿಗೆ ಕಣ್ಣಿನ ಮೂಲೆಯಿಂದ ಮೂಗಿಗೆ ಗಾಜಿನ ನಳಿಕೆ ಇಡುವ ಆಪರೇಷನ್ ಅದು. ಅಪರೂಪ.

ಕೊಪ್ಪದ ಸದಸ್ಯೆ:

ನನ್ನ ತಂಗಿ ಮಗುವಿಗೆ ನಾಲ್ಕು ತಿಂಗಳು, ಒಂದು ಕಣ್ಣಲ್ಲಿ ಹುಟ್ಟಿದಾಗಿಂದ ನೀರು, ಗೀಜು. ಅವನಿಗೂ ಈ ಆಪರೇಷನ್ ಬೇಕಾಗುತ್ತಾ? ಅಜ್ಜಿ ಎದೆಹಾಲು ಹಾಕಿ ಅಂತಾರೆ, ಪಕ್ಕದ ಮನೆಯವರು ನಂದಿಬಟ್ಟಲು ಹೂವಿನ ರಸ ಅಂತಾರೆ.

ಉತ್ತರ:

ಎರಡೂ ಬೇಡ. ನಂದಿಬಟ್ಟಲು ನಮ್ಮ ಮಲೆನಾಡಿನ ಅಂಗಳದಲ್ಲೆಲ್ಲ ಇದೆ, ಅದನ್ನು ಕಣ್ಣಿಗೆ ಹಾಕುವ ರೂಢಿಯೂ ಇದೆ. ಆದರೆ ದಾರಿ ಕಟ್ಟಿದ ಕಣ್ಣಿಗೆ ಹಾಕಿದ್ದು ಚೀಲದಲ್ಲೇ ನಿಲ್ಲುತ್ತೆ, ಸೋಂಕಿಗೆ ಅನುಕೂಲ ಮಾಡಿಕೊಟ್ಟ ಹಾಗೆ.

ಮಗುವಿನಲ್ಲಿ ನಾಳದ ಕೆಳತುದಿಯಲ್ಲಿ ಒಂದು ತೆಳುಪೊರೆ ತೆರೆದುಕೊಂಡಿರುವುದಿಲ್ಲ, ಅಷ್ಟೇ. ನೂರರಲ್ಲಿ ಸುಮಾರು ತೊಂಬತ್ತು ಮಕ್ಕಳಿಗೆ ಒಂದು ವರ್ಷದೊಳಗೆ ತಾನೇ ತೆರೆದುಕೊಳ್ಳುತ್ತೆ. ಅಲ್ಲಿಯವರೆಗೆ ಮಸಾಜ್. ಉಗುರು ಕತ್ತರಿಸಿ ಕೈ ತೊಳೆದು, ಕಿರುಬೆರಳನ್ನು ಕಣ್ಣಿಗೂ ಮೂಗಿಗೂ ನಡುವಿನ ಮೂಲೆಯಲ್ಲಿಟ್ಟು, ಒತ್ತಿ ಹಿಡಿದೇ ಮೂಗಿನ ಪಕ್ಕದಲ್ಲಿ ಕೆಳಗೆ ಇಳಿಸಬೇಕು. ಒಂದು ಸಲಕ್ಕೆ ಐದರಿಂದ ಹತ್ತು ಬಾರಿ, ದಿನಕ್ಕೆ ಮೂರು ನಾಲ್ಕು ಸಲ. ಚರ್ಮವನ್ನು ಮೇಲೆ ಮೇಲೆ ಸವರಿದರೆ ಪ್ರಯೋಜನವಿಲ್ಲ. ಒಳಗಿನ ಚೀಲ ಒತ್ತಿಹೋಗಬೇಕು. ಒಮ್ಮೆ ಡಾಕ್ಟರ್ ಹತ್ತಿರ ಮಾಡಿ ತೋರಿಸಿಕೊಳ್ಳಿ.

ಒಂದು ವರ್ಷವಾದರೂ ಬಿಡದಿದ್ದರೆ ತೆಳುವಾದ ತಂತಿ ಹಾಕಿ ತೆರೆಯುತ್ತಾರೆ, ಅದಕ್ಕೆ ಪ್ರೋಬಿಂಗ್ ಅಂತ ಹೆಸರು. ಡಿಸಿಆರ್‌ನ ಮಾತು ಅದೆಲ್ಲ ಆದ ಮೇಲೆ. ಆದರೆ ಮೂಲೆಯಲ್ಲಿ ಕೆಂಪಗೆ ಊದಿಕೊಂಡರೆ, ಜ್ವರ ಬಂದರೆ ಅಥವಾ ಮಗು ಬೆಳಕಿಗೆ ಕಣ್ಣು ಬಿಡದೆ ಕಪ್ಪುಗುಡ್ಡೆ ದೊಡ್ಡದಾಗಿ, ಮಂಜಾಗಿ ಕಂಡರೆ ತಡಮಾಡಬೇಡಿ. ಹುಟ್ಟಿನಿಂದ ಬರುವ ಗ್ಲಾಕೋಮಾದಲ್ಲೂ (ಕಣ್ಣಿನ ಒಳಗಿನ ಒತ್ತಡ ಹೆಚ್ಚುವ ಕಾಯಿಲೆ) ಕಣ್ಣಲ್ಲಿ ನೀರು ಬರುತ್ತೆ, ಅದರ ಚಿಕಿತ್ಸೆಯೇ ಬೇರೆ.

ಭದ್ರಾವತಿಯ ಸದಸ್ಯರು:

ನನಗೂ ಬೈಕಲ್ಲಿ ಹೋದ್ರೆ ಕಣ್ಣೀರು ಸುರಿಯುತ್ತೆ. ಡಿಸಿಆರ್ ಮಾಡಿಸ್ಲಾ?

ಉತ್ತರ:

ಮೊದಲು ಹೆಲ್ಮೆಟ್ಟಿನ ಗಾಜು ಇಳಿಸಿ ಓಡಿಸಿ ನೋಡಿ! ಕಣ್ಣು ಒಣಗಿದ್ದರೂ ಗಾಳಿಗೆ, ಹೊಗೆಗೆ ನೀರು ಸುರಿಯುತ್ತೆ. ದಾರಿ ಕಟ್ಟಿದೆಯೋ ಇಲ್ಲವೋ ಅನ್ನುವುದು ನೀರು ಬಿಟ್ಟು ನೋಡಿದರೇ ಗೊತ್ತಾಗೋದು.

ಮೊದಲು ಕೇಳಿದ ಹೊಸನಗರದ ಸದಸ್ಯರು:

ತುಂಬಾ ಉಪಕಾರವಾಯ್ತು ಡಾಕ್ಟ್ರೇ. ಮಾವನಿಗೆ ನಿಮ್ಮ ಉತ್ತರ ಓದಿ ಹೇಳಿದೆ. ಗಡ್ಡೆ ಬಿಟ್ಟು ಈಗ ಮುಖದ ಮೇಲೆ ಕಲೆ ಉಳಿಯುತ್ತಾ ಅಂತ ಹಿಡ್ಕೊಂಡಿದ್ದಾರೆ. ಅಮ್ಮ ರಕ್ತ ಹೆಪ್ಪುಗಟ್ಟದ ಹಾಗೆ ಕೊಡೋ ಎಕೋಸ್ಪ್ರಿನ್ ಮಾತ್ರೆ ತಗೋತಾರೆ, ಬಿಪಿನೂ ಇದೆ. ಆಪರೇಷನ್ ಆದ ಮೇಲೆ ಎಷ್ಟು ದಿನ ಜೋಪಾನ ಮಾಡ್ಬೇಕು?

ಉತ್ತರ:

ಹೊರಗಿನಿಂದ ಮಾಡಿದರೆ ಮೂಗಿನ ಪಕ್ಕ ಒಂದು ಸೆಂಟಿಮೀಟರ್ ಆಸುಪಾಸಿನ ಗಾಯ. ಆ ವಯಸ್ಸಿನ ಚರ್ಮದ ಗೆರೆಗಳಲ್ಲಿ ಕಲೆ ಕೆಲವು ತಿಂಗಳಲ್ಲಿ ಬಹುಮಟ್ಟಿಗೆ ಮರೆಯಾಗುತ್ತೆ. ಮೂಗಿನೊಳಗಿಂದ ಮಾಡಿದರೆ ಹೊರಗೆ ಗಾಯವೇ ಇಲ್ಲ, ಆದರೆ ಎಂಡೋಸ್ಕೋಪ್ ಮತ್ತು ಅದರಲ್ಲಿ ಕೈ ಪಳಗಿದವರು ಬೇಕು. ಹೊರಗಿನಿಂದ ಮಾಡಿದ್ದು ನೂರಕ್ಕೆ ತೊಂಬತ್ತಕ್ಕಿಂತ ಹೆಚ್ಚು ಜನರಲ್ಲಿ ಗುಣ ಕೊಡುತ್ತೆ. ಅರವತ್ತು ದಾಟಿದವರಿಗೆ ನಾನಾದರೆ ಕಲೆಯ ಲೆಕ್ಕ ಹಾಕಿ ಊರೂರು ಅಲೆಯಿರಿ ಅನ್ನುವುದಿಲ್ಲ.

ಎಕೋಸ್ಪ್ರಿನ್ ವಿಷಯ ಮುಖ್ಯ. ಈ ಜಾಗದಲ್ಲಿ ರಕ್ತ ಜಾಸ್ತಿ, ಆದ್ದರಿಂದ ಆಪರೇಷನ್ ಮಾಡುವವರಿಗೆ ಇದನ್ನು ಹೇಳಲೇಬೇಕು. ಹಾಗಂತ ನೀವೇ ನಿಲ್ಲಿಸಬೇಡಿ. ಹೃದಯಕ್ಕೆ ಅಂತ ಕೊಟ್ಟಿದ್ದರೆ ಕೊಟ್ಟ ಡಾಕ್ಟರನ್ನು ಕೇಳಿ, ನಿಲ್ಲಿಸುವುದಾದರೆ ಯಾವಾಗಿಂದ, ಮತ್ತೆ ಯಾವತ್ತು ಶುರು ಮಾಡಬೇಕು ಅಂತ ಬರೆಸಿಕೊಂಡು ಬನ್ನಿ. ಬಿಪಿ ಹತೋಟಿಯಲ್ಲಿರಬೇಕು, ಇಲ್ಲದಿದ್ದರೆ ಟೇಬಲ್ ತನಕ ಬಂದು ವಾಪಸ್ ಹೋಗಬೇಕಾಗುತ್ತೆ.

ಆಮೇಲೆ ಒಂದೆರಡು ವಾರ ಮೂಗು ಸೀದಬಾರದು. ಸೀನು ಬಂದರೆ ಬಾಯಿ ತೆರೆದು ಸೀನಬೇಕು. ಬಗ್ಗಿ ಅಂಗಳ ಗುಡಿಸುವುದು, ಕೊಡ ಎತ್ತುವುದು, ಬಚ್ಚಲೊಲೆ ಊದುವುದು ಬೇರೆಯವರು ಮಾಡಲಿ. ಮೊದಲ ಒಂದೆರಡು ದಿನ ಕಾಫಿ, ಗಂಜಿ ಎಲ್ಲಾ ಆರಿಸಿ ಕೊಡಿ, ಬಿಸಿಯದಕ್ಕೆ ಮೂಗಿನಿಂದ ರಕ್ತ ಬರಬಹುದು. ಸ್ವಲ್ಪ ಒಸರಿದರೆ ಗಾಬರಿ ಬೇಡ, ಧಾರೆಯಾಗಿ ಬಂದರೆ ತಕ್ಷಣ ಆಸ್ಪತ್ರೆಗೆ. ಹೊಸ ದಾರಿ ಮುಚ್ಚದಿರಲಿ ಅಂತ ಸಿಲಿಕೋನ್ ಎಳೆ ಇಟ್ಟಿದ್ದರೆ ಕಣ್ಣಿನ ಮೂಲೆಯಲ್ಲಿ ಮಿಣ್ಣಗೆ ಕಾಣುತ್ತೆ. ಕೂದಲು ಅಂದುಕೊಂಡು ಎಳೆದುಬಿಡ್ತಾರೆ, ಅಮ್ಮನಿಗೆ ಮೊದಲೇ ಹೇಳಿಡಿ. ಅದನ್ನು ಆರು ವಾರದಿಂದ ಮೂರು ತಿಂಗಳೊಳಗೆ ಅವರೇ ತೆಗೆಯುತ್ತಾರೆ.

ಪೊರೆಗೆ ದಿನ ಕೊಡುವ ಮುಂಚೆ ಇನ್ನೊಮ್ಮೆ ನೀರು ಬಿಟ್ಟು ನೋಡುತ್ತಾರೆ. ಆ ಸಲ ಗಂಟಲಿಗೆ ಬರಬೇಕು.