ಅಪ್‌ಡೇಟ್: ಬೈಕಿನ ಟ್ಯಾಂಕಿಗೆ ಕೊನೆಗೆ ಆರಿಸಿದ ಬಣ್ಣ

ಪೆಟ್ರೋಲ್ ಚೆಲ್ಲಿದರೂ ಹಾಳಾಗದಂತಹ ಬಣ್ಣ ಟ್ಯಾಂಕಿಗೆ ಯಾವುದೆಂದು ಈ ಹಿಂದೆ ಕೇಳಿದ್ದೆ; ಉತ್ತರಿಸಿದ ಎಲ್ಲರಿಗೂ ಕೃತಜ್ಞತೆಗಳು. ಸಾಮಾನ್ಯ ಸ್ಪ್ರೇ ಡಬ್ಬಿಯ ಅಕ್ರಿಲಿಕ್ ಲ್ಯಾಕರ್ ಕೇವಲ ದ್ರಾವಕ ಆರಿ ಗಟ್ಟಿಯಾಗುವುದರಿಂದ ಪೆಟ್ರೋಲ್ ತಗುಲಿದಾಗ ಮತ್ತೆ ಮೆದುವಾಗಬಹುದು. ಹಾರ್ಡನರ್ (ಗಟ್ಟಿಗೊಳಿಸುವ ದ್ರವ) ಬೆರೆಸುವ 2ಕೆ, ಅಂದರೆ ಎರಡು ಭಾಗಗಳ, ಪಾಲಿಯುರೆಥೇನ್ ಬಣ್ಣ ರಾಸಾಯನಿಕವಾಗಿ ಹೆಣೆದುಕೊಂಡು ಗಟ್ಟಿಯಾಗುವುದರಿಂದ ಅದನ್ನೇ ಆರಿಸಿದೆ. ಆದರೆ ಹಾರ್ಡನರ್‌ನಲ್ಲಿರುವ ಐಸೊಸೈನೇಟ್ ಎಂಬ ರಾಸಾಯನಿಕ ಶ್ವಾಸಕೋಶಕ್ಕೆ ನಿಜಕ್ಕೂ ಅಪಾಯಕಾರಿಯಾದದ್ದು, ಅದಕ್ಕೆ ಸಾಧಾರಣ ಬಟ್ಟೆಯ ಮಾಸ್ಕ್ ಏನೇನೂ ಸಾಲದು. ಆದ್ದರಿಂದ ಸಿಂಪಡಿಸುವ ಕೆಲಸವನ್ನು ಸೂಕ್ತ ಸಲಕರಣೆಯಿರುವ ಪೇಂಟರ್‌ಗೇ ವಹಿಸಿದೆ. ಟ್ಯಾಂಕನ್ನು ಖಾಲಿ ಮಾಡಿ, ಆವಿ ಉಳಿಯದಂತೆ ತೊಳೆದು ಒಣಗಿಸಿ, ತುಕ್ಕನ್ನು ಬರಿಯ ಲೋಹ ಕಾಣುವವರೆಗೆ ಉಜ್ಜಿದ ಮೇಲೆ ಎಪಾಕ್ಸಿ ಪ್ರೈಮರ್ (ಅಡಿಪದರ), ಬಣ್ಣ, ಮೇಲಿನ ಪಾರದರ್ಶಕ ಕ್ಲಿಯರ್ ಕೋಟ್‌ಗಳನ್ನು ತೆಳು ಪದರಗಳಾಗಿ ಹೊಡೆಯಲಾಯಿತು. ಪೂರ್ತಿ ಗಟ್ಟಿಯಾದ ನಂತರವೇ ಪೆಟ್ರೋಲ್ ತುಂಬಿಸಿದೆ. ಮುಚ್ಚಳದ ಸುತ್ತ ಚೆಲ್ಲಿದ್ದನ್ನು ಒರೆಸಿದರೂ ಹೊಳಪು ಮಾಸಿಲ್ಲ.