ಸಪಾನಿಫಿಕೇಶನ್ ವ್ಯಾಲ್ಯೂ ಅಂದ್ರೆ ಏನು, ಅದನ್ನು ಎಲ್ಲಿ ಬಳಸ್ತೀರಿ? ಅನುಭವ ಇದ್ದವರು ಹೇಳಿ

ಪ್ರಶ್ನೆ ಕೇಳಿದವರು:
ನಮಸ್ಕಾರ. ಸಣ್ಣ ಮಟ್ಟದಲ್ಲಿ ಸೋಪ್ ಮಾಡೋಕೆ ಶುರು ಮಾಡಿದ್ದೇನೆ. ಈ ಸಲ ಕೊಬ್ಬರಿ ಎಣ್ಣೆ ಜೊತೆ ಟೆಸ್ಟ್ ರಿಪೋರ್ಟ್ ಕೊಟ್ಟರು. ಅದರಲ್ಲಿ ಸಪಾನಿಫಿಕೇಶನ್ ವ್ಯಾಲ್ಯೂ 257, ಅಯೋಡಿನ್ ವ್ಯಾಲ್ಯೂ 9, ಆಸಿಡ್ ವ್ಯಾಲ್ಯೂ 0.4 ಅಂತ ಇದೆ. ಆಲಿವ್ ಎಣ್ಣೆಯ ರಿಪೋರ್ಟ್‌ನಲ್ಲಿ ಮೊದಲನೆಯದು ಬರೀ 190. ಹಾಗಾದರೆ ಕೊಬ್ಬರಿ ಎಣ್ಣೆ ಜಾಸ್ತಿ ಶುದ್ಧ ಅಂತಲಾ? ನನ್ನ ಹತ್ತಿರ ಇರುವ ಚಾರ್ಟ್‌ನಲ್ಲಿ ಅದೇ ಕೊಬ್ಬರಿ ಎಣ್ಣೆ ಮುಂದೆ 0.183 ಅಂತ ಇದೆ. ಎರಡರಲ್ಲಿ ಯಾವುದು ಸರಿ? ಒಬ್ಬೊಬ್ಬರು ಒಂದೊಂದು ಹೇಳುತ್ತಿದ್ದಾರೆ, ತಲೆ ಕೆಟ್ಟು ಹೋಗಿದೆ.

ಸೋಪ್ ಮಾಡುವವರು:
ಎರಡೂ ಸರಿ. ಮೊದಲು 257 ನೋಡೋಣ. ಒಂದು ಗ್ರಾಂ ಎಣ್ಣೆ ಪೂರ್ತಿ ಸೋಪ್ ಆಗೋಕೆ ಎಷ್ಟು ಮಿಲಿಗ್ರಾಂ ಕಾಸ್ಟಿಕ್ ಪೊಟ್ಯಾಶ್ (ಪೊಟ್ಯಾಸಿಯಂ ಹೈಡ್ರಾಕ್ಸೈಡ್) ಬೇಕೋ ಅದೇ ಸಪಾನಿಫಿಕೇಶನ್ ವ್ಯಾಲ್ಯೂ. ಒಂದು ಕಿಲೋ ಎಣ್ಣೆಗೆ ಲೆಕ್ಕ ಹಾಕಿದರೆ 257 ಗ್ರಾಂ. ಅದು ಪೊಟ್ಯಾಶ್ ಲೆಕ್ಕ, ಅದನ್ನು ಮರೀಬೇಡಿ. ಬಾರ್ ಸೋಪ್‌ಗೆ ನಾವು ಹಾಕೋದು ಕಾಸ್ಟಿಕ್ ಸೋಡಾ (ಸೋಡಿಯಂ ಹೈಡ್ರಾಕ್ಸೈಡ್). ಸೋಡಾದ ಅಣುತೂಕ 40, ಪೊಟ್ಯಾಶ್‌ದು 56.1. ಅದಕ್ಕೇ 257 ಅನ್ನು 0.713ರಿಂದ ಗುಣಿಸಬೇಕು. 183 ಗ್ರಾಂ ಬರುತ್ತದೆ. ನಿಮ್ಮ ಚಾರ್ಟ್‌ನ 0.183 ಇದೇ, ಒಂದು ಗ್ರಾಂ ಎಣ್ಣೆಗೆ ಇಷ್ಟು ಗ್ರಾಂ ಸೋಡಾ ಅಂತ.

ರಿಪೋರ್ಟ್‌ನಲ್ಲಿರುವ 257 ಅನ್ನೇ ಸೋಡಾ ಅಂದುಕೊಂಡು ನೇರವಾಗಿ ತೂಗಿ ಹಾಕಿದರೆ ಬೇಕಾದ್ದಕ್ಕಿಂತ 40 ಪರ್ಸೆಂಟ್ ಜಾಸ್ತಿ ಕ್ಷಾರ ಬೀಳುತ್ತದೆ. ಆ ಸೋಪ್ ಕೈ ಸುಡುತ್ತದೆ, ಸುಮ್ನೆ ಹೆದರಿಸೋಕೆ ಹೇಳುತ್ತಿಲ್ಲ. ಹಾಗಾಗಿ ಯಾವ ಚಾರ್ಟ್ ಸಿಕ್ಕಿದರೂ ಮೊದಲು ಇದು ಪೊಟ್ಯಾಶ್ ಲೆಕ್ಕವಾ ಸೋಡಾ ಲೆಕ್ಕವಾ ಅಂತ ನೋಡಿ. ಬರೆದಿಲ್ಲದಿದ್ದರೆ ಆಲಿವ್ ಎಣ್ಣೆಯ ಸಾಲು ನೋಡಿ: 0.19 ಹತ್ತಿರ ಇದ್ದರೆ ಪೊಟ್ಯಾಶ್, 0.135 ಹತ್ತಿರ ಇದ್ದರೆ ಸೋಡಾ.

ಎಣ್ಣೆ ಸಂಸ್ಕರಣಾ ಘಟಕದ ಲ್ಯಾಬ್‌ನವರು:
ಶುದ್ಧತೆ ವಿಷಯಕ್ಕೆ ನಾನು ಹೇಳುತ್ತೇನೆ. ಜಾಸ್ತಿ ಇದ್ದರೆ ಶುದ್ಧ, ಕಡಿಮೆ ಇದ್ದರೆ ಕಲಬೆರಕೆ ಅನ್ನೋದು ತಪ್ಪು ಲೆಕ್ಕ. ಈ ನಂಬರ್ ಹೇಳೋದು ಒಂದೇ ವಿಷಯ, ಎಣ್ಣೆಯ ಅಣುಗಳು ಸರಾಸರಿ ಎಷ್ಟು ದೊಡ್ಡವು ಅಂತ. ಅಣು ಚಿಕ್ಕದಾದಷ್ಟೂ ನಂಬರ್ ದೊಡ್ಡದು. ಒಂದು ಕಿಲೋ ನಿಂಬೆಹಣ್ಣು ತೂಗಿದರೆ ಎಷ್ಟೋ ಹಣ್ಣು ಬರುತ್ತವೆ, ಒಂದು ಕಿಲೋ ಹಲಸಿಗೆ ಒಂದು ತುಂಡು ಸಿಕ್ಕರೆ ಹೆಚ್ಚು, ಅಲ್ವಾ? ಪೊಟ್ಯಾಶ್ ಅಣುವಿನ ತೂಕ ನೋಡಲ್ಲ, ಸಂಖ್ಯೆ ನೋಡುತ್ತದೆ. ಎಣ್ಣೆಯ ಅಣುವಿಗೆ ಟ್ರೈಗ್ಲಿಸರೈಡ್ ಅನ್ನುತ್ತಾರೆ, ಒಂದು ಗ್ಲಿಸರಿನ್‌ಗೆ ಮೂರು ಫ್ಯಾಟಿ ಆಸಿಡ್ ಅಂಟಿಕೊಂಡಿದ್ದು. ಅದಕ್ಕೇ ಒಂದೊಂದು ಅಣುವಿಗೂ ಮೂರು ಪೊಟ್ಯಾಶ್ ಬೇಕು. ಕೊಬ್ಬರಿ ಎಣ್ಣೆಯಲ್ಲಿ 12 ಕಾರ್ಬನ್‌ನ ಲಾರಿಕ್ ಆಸಿಡ್ ಜಾಸ್ತಿ, ಆಲಿವ್‌ನಲ್ಲಿ 18 ಕಾರ್ಬನ್‌ನ ಓಲಿಯಿಕ್ ಆಸಿಡ್ ಜಾಸ್ತಿ. ಅಷ್ಟೇ ವ್ಯತ್ಯಾಸ.

1,68,300 ಅನ್ನು (3 × 56.1 × 1000) ಈ ವ್ಯಾಲ್ಯೂನಿಂದ ಭಾಗಿಸಿ ನೋಡಿ, ಸರಾಸರಿ ಅಣುತೂಕವೇ ಬರುತ್ತದೆ. 190ಕ್ಕೆ ಸುಮಾರು 886, 257ಕ್ಕೆ ಸುಮಾರು 655.

ಈಗ ಕಲಬೆರಕೆ. ಪ್ಯಾರಫಿನ್ ಅಥವಾ ಮಿನರಲ್ ಆಯಿಲ್ ಸೇರಿಸಿದ್ದರೆ ಸಿಕ್ಕಿಬೀಳುತ್ತದೆ, ಯಾಕೆಂದರೆ ಅದು ಸೋಪ್ ಆಗೋದೇ ಇಲ್ಲ, ಅದರ ವ್ಯಾಲ್ಯೂ ಸೊನ್ನೆ. 190ರ ಎಣ್ಣೆಗೆ ಹತ್ತು ಪರ್ಸೆಂಟ್ ಸೇರಿಸಿದರೆ 171ಕ್ಕೆ ಇಳಿಯುತ್ತದೆ. ಆದರೆ ಸೂರ್ಯಕಾಂತಿ ಎಣ್ಣೆಗೆ ಸೋಯಾ ಎಣ್ಣೆ ಸೇರಿಸಿದರೆ? ಎರಡೂ 188ರಿಂದ 195ರ ಒಳಗೇ ಓಡಾಡುತ್ತವೆ. ಏನೂ ಗೊತ್ತಾಗಲ್ಲ. ಅಂಥ ಕಡೆ ನಾವು ಗ್ಯಾಸ್ ಕ್ರೊಮಟೊಗ್ರಫಿಯಲ್ಲಿ ಫ್ಯಾಟಿ ಆಸಿಡ್ ಒಂದೊಂದನ್ನೇ ನೋಡುತ್ತೇವೆ.

ಕೆಮಿಸ್ಟ್ರಿ ಪಾಠ ಮಾಡುವವರು:
ಲ್ಯಾಬ್‌ನವರ ಮಾತಿಗೆ ಒಂದು ಹಳೆ ಕಥೆ ಸೇರಿಸುತ್ತೇನೆ. ಈ ಪರೀಕ್ಷೆ ಹುಟ್ಟಿದ್ದೇ ಕಲಬೆರಕೆ ಹಿಡಿಯೋಕೆ. 1869ರಲ್ಲಿ ಫ್ರಾನ್ಸ್‌ನಲ್ಲಿ ಮಾರ್ಗರೀನ್ ಬಂತು. ಆಮೇಲೆ ಬೆಣ್ಣೆಗೆ ಬೇರೆ ಕೊಬ್ಬು ಸೇರಿಸೋದು ದೊಡ್ಡ ತಲೆನೋವಾಯಿತು. 1879ರಲ್ಲಿ ಕಟ್ಸ್‌ಟಾರ್ಫರ್ ಅನ್ನುವವರು ಈ ವಿಧಾನ ಪ್ರಕಟಿಸಿದರು. ಬೆಣ್ಣೆಯಲ್ಲಿ 4 ಕಾರ್ಬನ್‌ನ ಬ್ಯುಟಿರಿಕ್ ಆಸಿಡ್ ಥರದ ಚಿಕ್ಕವು ಇರುವುದರಿಂದ ಅದರ ವ್ಯಾಲ್ಯೂ ಸುಮಾರು 220ರಿಂದ 235. ದನದ ಕೊಬ್ಬು, ಹಂದಿ ಕೊಬ್ಬು 190ರಿಂದ 203. ಬೆರೆಸಿದರೆ ನಂಬರ್ ಕೆಳಗೆ ಬರುತ್ತದೆ, ಸುಲಭ.

ಆದರೆ ಕಳ್ಳರೂ ಲೆಕ್ಕ ಬಲ್ಲವರೇ. 195ರ ಕೊಬ್ಬು ಅರ್ಧ, 257ರ ಕೊಬ್ಬರಿ ಎಣ್ಣೆ ಅರ್ಧ ಬೆರೆಸಿ ನೋಡಿ, 226 ಬರುತ್ತದೆ. ಥೇಟ್ ಬೆಣ್ಣೆ! ಅದಕ್ಕೇ ಬೆಣ್ಣೆಗೆ ರೈಕರ್ಟ್-ಮೈಸಲ್ ವ್ಯಾಲ್ಯೂ ಅಂತ ಇನ್ನೊಂದು ಪರೀಕ್ಷೆ ಬೇಕಾಯಿತು. ಅದು ಹಬೆಯ ಜೊತೆ ಹಾರಿಬರುವ, ನೀರಿನಲ್ಲಿ ಕರಗುವ ಚಿಕ್ಕ ಆಸಿಡ್‌ಗಳನ್ನು ಮಾತ್ರ ಅಳೆಯುತ್ತದೆ. ಬೆಣ್ಣೆಗೆ ಅದು ಇಪ್ಪತ್ತರ ಮೇಲೆ, ಕೊಬ್ಬರಿ ಎಣ್ಣೆಗೆ ಹತ್ತರ ಒಳಗೆ.

ಇನ್ನೊಬ್ಬರು:
ನಾನು ಕೇಳಿದ್ದು ಬೇರೆ. ವ್ಯಾಲ್ಯೂ ಜಾಸ್ತಿ ಇದ್ದರೆ ಸೋಪ್ ಗಟ್ಟಿ ಬರುತ್ತದೆ ಅಂತ. ಕೊಬ್ಬರಿ ಎಣ್ಣೆ ಸೋಪ್ ಕಲ್ಲಿನ ಹಾಗೆ ಬರುತ್ತದಲ್ಲ?

ಸೋಪ್ ಮಾಡುವವರು:
ಕೊಬ್ಬರಿ ಎಣ್ಣೆ ಸೋಪ್ ಗಟ್ಟಿ ಬರೋದು ನಿಜ, ಕಾರಣ ಇದಲ್ಲ. ಪಾಮ್ ಎಣ್ಣೆ 190ರಿಂದ 209, ಆಲಿವ್ 184ರಿಂದ 196. ಹೆಚ್ಚು ಕಡಿಮೆ ಒಂದೇ ಅಂತ ಹೇಳಬಹುದು. ಆದರೆ ಪಾಮ್ ಸೋಪ್ ಬೇಗ ಗಟ್ಟಿಯಾಗುತ್ತದೆ, ಬರೀ ಆಲಿವ್ ಸೋಪ್ ವಾರಗಟ್ಟಲೆ ಮೆತ್ತಗೆ ಕೂತಿರುತ್ತದೆ.

ಕೆಮಿಸ್ಟ್ರಿ ಪಾಠ ಮಾಡುವವರು:
ಇದಕ್ಕಿಂತ ಚೆನ್ನಾದ ಉದಾಹರಣೆ ಇದೆ. ಟ್ರೈಸ್ಟಿಯರಿನ್ ಮತ್ತು ಟ್ರೈಓಲಿಯಿನ್ ಅನ್ನೋ ಎರಡು ಶುದ್ಧ ಟ್ರೈಗ್ಲಿಸರೈಡ್‌ಗಳು. ಎರಡರಲ್ಲೂ 18 ಕಾರ್ಬನ್‌ನ ಸರಪಳಿಗಳೇ. ವ್ಯಾಲ್ಯೂ 189 ಮತ್ತು 190. ಮೊದಲನೆಯದು ಮೇಣದ ಹಾಗೆ ಗಟ್ಟಿ, ಎರಡನೆಯದು ಸುರಿಯುವ ಎಣ್ಣೆ. ವ್ಯತ್ಯಾಸ ಇರೋದು ಡಬಲ್ ಬಾಂಡ್‌ನಲ್ಲಿ, ಅಂದರೆ ಸರಪಳಿಯ ಕಾರ್ಬನ್‌ಗಳ ನಡುವಿನ ಜೋಡಿ ಬಂಧದಲ್ಲಿ. ಅದನ್ನು ಹೇಳೋದು ಅಯೋಡಿನ್ ವ್ಯಾಲ್ಯೂ, ಅಂದರೆ 100 ಗ್ರಾಂ ಎಣ್ಣೆ ಎಷ್ಟು ಗ್ರಾಂ ಅಯೋಡಿನ್ ಹೀರುತ್ತದೆ ಅಂತ. ಟ್ರೈಸ್ಟಿಯರಿನ್‌ಗೆ ಸೊನ್ನೆ, ಟ್ರೈಓಲಿಯಿನ್‌ಗೆ 86. ಗಟ್ಟಿ, ಮೆತ್ತಗೆ ಅನ್ನೋ ಪ್ರಶ್ನೆ ಬಂದರೆ ಆ ಕಾಲಂ ನೋಡಿ. ಕೊಬ್ಬರಿ ಎಣ್ಣೆ 9, ಪಾಮ್ 50ರ ಆಸುಪಾಸು, ಆಲಿವ್ 80ರ ಆಸುಪಾಸು, ಸೂರ್ಯಕಾಂತಿ 120 ದಾಟುತ್ತದೆ, ಅಗಸೆ ಎಣ್ಣೆ 170ರ ಮೇಲೆ. ಅಗಸೆ ಎಣ್ಣೆ ಗಾಳಿಗೆ ಒಣಗಿ ಪದರ ಕಟ್ಟೋದೂ ಇದಕ್ಕೇ. ಪೇಂಟ್‌ನವರು ಅದನ್ನು ಇಷ್ಟಪಡುತ್ತಾರೆ, ಸೋಪ್‌ನವರಿಗೆ ಅದು ಬೇಗ ಕಮಟು ಹಿಡಿಯುವ ಎಣ್ಣೆ.

ಪ್ರಶ್ನೆ ಕೇಳಿದವರು:
ಈಗ ಸ್ವಲ್ಪ ಬಿಡಿಸಿಕೊಂಡಿತು. ಹಾಗಾದರೆ ಆಸಿಡ್ ವ್ಯಾಲ್ಯೂ? ಮತ್ತೆ ಎರಡು ಎಣ್ಣೆ ಬೆರೆಸಿದಾಗ ಲೆಕ್ಕ ಹೇಗೆ?

ಸೋಪ್ ಮಾಡುವವರು:
ಬೆರೆಸಿದಾಗ ತಲೆ ಕೆಡಿಸಿಕೊಳ್ಳೋದು ಬೇಡ. ಪ್ರತಿ ಎಣ್ಣೆಗೂ ಬೇರೆ ಬೇರೆ ಲೆಕ್ಕ ಹಾಕಿ ಕೂಡಿಸಿ. 600 ಗ್ರಾಂ ಆಲಿವ್, 400 ಗ್ರಾಂ ಕೊಬ್ಬರಿ ಅಂದುಕೊಳ್ಳಿ. 600 × 0.190 = 114. 400 × 0.257 = 102.8. ಒಟ್ಟು 216.8 ಗ್ರಾಂ ಪೊಟ್ಯಾಶ್. ಸೋಡಾಕ್ಕೆ 0.713ರಿಂದ ಗುಣಿಸಿ, 154.6 ಗ್ರಾಂ. ಇದರಲ್ಲಿ 5 ಪರ್ಸೆಂಟ್ ಕಡಿಮೆ ಮಾಡಿ, ಸುಮಾರು 147 ಗ್ರಾಂ ಹಾಕಿ. ಆ 5 ಪರ್ಸೆಂಟ್ ಎಣ್ಣೆ ಸೋಪ್ ಆಗದೆ ಹಾಗೇ ಉಳಿಯಲಿ ಅಂತ ಬಿಡೋದು, ಇದಕ್ಕೆ ಸೂಪರ್‌ಫ್ಯಾಟ್ ಅನ್ನುತ್ತೇವೆ. ಚರ್ಮಕ್ಕೂ ಹಿತ, ಲೆಕ್ಕ ಸ್ವಲ್ಪ ಆಚೀಚೆ ಆದರೂ ಕ್ಷಾರ ಉಳಿಯಲ್ಲ.

ಸ್ವಲ್ಪ ಆಚೀಚೆ ಅಂದೆ, ಎಷ್ಟು ಅಂತಾನೂ ಹೇಳುತ್ತೇನೆ, ಯಾಕೆಂದರೆ ಜಾಸ್ತಿ ಜನ ಎಡವೋದು ಇಲ್ಲೇ. ಕೊಬ್ಬರಿ ಎಣ್ಣೆಗೆ ಒಪ್ಪಿಕೊಂಡಿರುವ ಮಿತಿ 248ರಿಂದ 265. ನೀವು 265 ಹಿಡಿದು ಲೆಕ್ಕ ಹಾಕಿ, ಎಣ್ಣೆ ನಿಜವಾಗಿ 248ರದ್ದಾಗಿದ್ದರೆ, ಸುಮಾರು 7 ಪರ್ಸೆಂಟ್ ಕ್ಷಾರ ಹೆಚ್ಚಾಯಿತು. 5 ಪರ್ಸೆಂಟ್ ಕಡಿತವೂ ಅದನ್ನು ಪೂರ್ತಿ ನುಂಗಲ್ಲ. ರಿಪೋರ್ಟ್ ಇಲ್ಲದಿದ್ದರೆ ಮಿತಿಯ ಕೆಳಗಿನ ತುದಿಯನ್ನೇ ಹಿಡಿಯಿರಿ. ಎಣ್ಣೆ ಸ್ವಲ್ಪ ಉಳಿದರೆ ಸೋಪ್ ಜಿಡ್ಡಾಗುತ್ತದೆ, ಕ್ಷಾರ ಉಳಿದರೆ ಚರ್ಮ ಹೋಗುತ್ತದೆ. ನಿಮ್ಮ ಹತ್ತಿರ ಹೇಗೂ ರಿಪೋರ್ಟ್ ಇದೆ, ಅದರ ಬ್ಯಾಚ್ ನಂಬರ್ ಡಬ್ಬದ ಮೇಲಿನದಕ್ಕೆ ಹೊಂದುತ್ತಾ ನೋಡಿಕೊಳ್ಳಿ.

ಮತ್ತೆ, ಸೋಡಾವನ್ನು ನೀರಿಗೆ ಹಾಕಿ, ನೀರನ್ನು ಸೋಡಾದ ಮೇಲೆ ಸುರಿಯಬೇಡಿ. ಅಲ್ಯೂಮಿನಿಯಂ ಪಾತ್ರೆ ಮುಟ್ಟಲೇಬೇಡಿ. ಕನ್ನಡಕ, ಗ್ಲೌಸ್ ಇಲ್ಲದೆ ಕೂರಬೇಡಿ. ಗೊತ್ತಿರುತ್ತದೆ, ಆದರೂ ಹೇಳಿದೆ.

ಲ್ಯಾಬ್‌ನವರು:
ಆಸಿಡ್ ವ್ಯಾಲ್ಯೂ ನನ್ನ ಪಾಲಿಗಿರಲಿ. ಎಣ್ಣೆ ಹಳೆಯದಾದರೆ, ನೀರು ಸೇರಿದರೆ ಟ್ರೈಗ್ಲಿಸರೈಡ್ ಒಡೆದು ಫ್ಯಾಟಿ ಆಸಿಡ್ ಬಿಡುಗಡೆ ಆಗುತ್ತದೆ. ಒಂದು ಗ್ರಾಂ ಎಣ್ಣೆಯಲ್ಲಿ ಹಾಗೆ ಬಿಡಿಯಾಗಿರುವ ಆಸಿಡ್ ತಟಸ್ಥ ಮಾಡೋಕೆ ಬೇಕಾದ ಪೊಟ್ಯಾಶ್ ಅದು, ಇದೂ ಮಿಲಿಗ್ರಾಂನಲ್ಲೇ. ಅದನ್ನು 0.503ರಿಂದ ಗುಣಿಸಿದರೆ ಓಲಿಯಿಕ್ ಲೆಕ್ಕದಲ್ಲಿ ಎಷ್ಟು ಪರ್ಸೆಂಟ್ ಫ್ರೀ ಫ್ಯಾಟಿ ಆಸಿಡ್ ಇದೆ ಅಂತ ಗೊತ್ತಾಗುತ್ತದೆ. ನಿಮ್ಮ 0.4 ಒಳ್ಳೆಯ ನಂಬರ್. ಎಣ್ಣೆ ಕೆಟ್ಟಿದೆಯಾ ಅಂತ ನೋಡೋಕೆ ಇದು ಮತ್ತು ಪೆರಾಕ್ಸೈಡ್ ವ್ಯಾಲ್ಯೂ (ಗಾಳಿ ತಾಗಿ ಎಣ್ಣೆ ಎಷ್ಟು ಕೆಟ್ಟಿದೆ ಅನ್ನೋದರ ಅಳತೆ) ಬೇಕು. ಸಪಾನಿಫಿಕೇಶನ್ ವ್ಯಾಲ್ಯೂ ಇಲ್ಲಿ ಸಹಾಯಕ್ಕೆ ಬರಲ್ಲ, ಯಾಕೆಂದರೆ ಬಿಡಿ ಆಸಿಡ್ ಆಗಲಿ ಟ್ರೈಗ್ಲಿಸರೈಡ್‌ಗೆ ಅಂಟಿಕೊಂಡ ಆಸಿಡ್ ಆಗಲಿ, ಅದು ಎರಡನ್ನೂ ಒಟ್ಟಿಗೆ ಎಣಿಸುತ್ತದೆ.

ಸಪಾನಿಫಿಕೇಶನ್ ವ್ಯಾಲ್ಯೂನಲ್ಲಿ ಆಸಿಡ್ ವ್ಯಾಲ್ಯೂ ಕಳೆದರೆ ಉಳಿಯೋದಕ್ಕೆ ಎಸ್ಟರ್ ವ್ಯಾಲ್ಯೂ ಅನ್ನುತ್ತಾರೆ. ಗ್ಲಿಸರಿನ್ ಎಷ್ಟು ಸಿಗುತ್ತದೆ ಅಂತ ಅಂದಾಜು ಮಾಡೋಕೆ ಅದು ಬೇಕು. ಎಣ್ಣೆಯ ಸಪಾನಿಫಿಕೇಶನ್ ವ್ಯಾಲ್ಯೂ 192, ಆಸಿಡ್ ವ್ಯಾಲ್ಯೂ 6 ಇದ್ದರೆ ಎಸ್ಟರ್ ವ್ಯಾಲ್ಯೂ 186. ಅದನ್ನು 0.0547ರಿಂದ ಗುಣಿಸಿ, ಹತ್ತು ಪರ್ಸೆಂಟ್ ಚಿಲ್ಲರೆ ಗ್ಲಿಸರಿನ್.

ಕಾಲೇಜ್ ವಿದ್ಯಾರ್ಥಿ:
ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ನಮ್ಮ ಪ್ರಾಕ್ಟಿಕಲ್‌ನಲ್ಲಿ ಇದೇ ಪ್ರಯೋಗ ಇದೆ. ಒಂದೇ ಎಣ್ಣೆಗೆ ಪ್ರತಿ ಸಲ ಬೇರೆ ಬೇರೆ ಉತ್ತರ ಬರುತ್ತಿದೆ. ಯಾಕೆ?

ಲ್ಯಾಬ್‌ನವರು:
ಒಳ್ಳೆಯ ಪ್ರಶ್ನೆ. ವಿಧಾನ ನಿಮಗೆ ಗೊತ್ತೇ ಇದೆ: ಸುಮಾರು 2 ಗ್ರಾಂ ಎಣ್ಣೆ, 25 ಮಿ.ಲೀ. ಅರ್ಧ ನಾರ್ಮಲ್ ಆಲ್ಕೊಹಾಲಿಕ್ ಪೊಟ್ಯಾಶ್, ಕಂಡೆನ್ಸರ್ ಹಾಕಿ ಒಂದು ಗಂಟೆ ಕುದಿಸೋದು, ಆಮೇಲೆ ಉಳಿದ ಪೊಟ್ಯಾಶ್ ಅನ್ನು ಅರ್ಧ ನಾರ್ಮಲ್ ಹೈಡ್ರೋಕ್ಲೋರಿಕ್ ಆಸಿಡ್‌ನಿಂದ ಟೈಟ್ರೇಟ್ ಮಾಡೋದು, ಅಂದರೆ ಬಣ್ಣ ಬದಲಾಗುವವರೆಗೆ ಬ್ಯುರೆಟ್‌ನಿಂದ ಹನಿಹನಿಯಾಗಿ ಬಿಟ್ಟು ಅಳೆಯೋದು. ಎಣ್ಣೆ ಇಲ್ಲದ ಬ್ಲಾಂಕ್ ಫ್ಲಾಸ್ಕ್ ಒಂದು ಜೊತೆಗೇ. ಬ್ಲಾಂಕ್ 24.6, ಸ್ಯಾಂಪಲ್ 11.0 ಬಂದರೆ ವ್ಯತ್ಯಾಸ 13.6. ಅದನ್ನು 56.1 ಮತ್ತು 0.5ರಿಂದ ಗುಣಿಸಿ 2ರಿಂದ ಭಾಗಿಸಿದರೆ 190.7.

ಈಗ ಬ್ಯುರೆಟ್ ಓದುವಾಗ 0.1 ಮಿ.ಲೀ. ತಪ್ಪಿದರೆ ಉತ್ತರ 1.4 ಆಚೀಚೆ ಆಗುತ್ತದೆ. ಗುಲಾಬಿ ಹೋಗಿ ಬಣ್ಣ ಮಾಯವಾಗುವ ಹೊತ್ತಿಗೆ ಎರಡು ಹನಿ ಜಾಸ್ತಿ ಬಿದ್ದರೆ ಸಾಕು. ಆದರೆ ನಾನು ನೋಡಿದ ಹಾಗೆ ದೊಡ್ಡ ತಪ್ಪು ಬ್ಯುರೆಟ್‌ನದ್ದಲ್ಲ, ಬ್ಲಾಂಕ್‌ನದ್ದು. ಬೆಳಿಗ್ಗೆ ಮಾಡಿದ ಬ್ಲಾಂಕ್ ಅನ್ನು ಸಂಜೆಯ ಸ್ಯಾಂಪಲ್‌ಗೆ ಹಾಕುತ್ತಾರೆ, ಇಲ್ಲಾಂದ್ರೆ ಬ್ಲಾಂಕ್ ಕುದಿಸದೆ ಹಾಗೇ ಟೈಟ್ರೇಟ್ ಮಾಡುತ್ತಾರೆ. ಪೊಟ್ಯಾಶ್ ಗಾಳಿಯಿಂದ ಕಾರ್ಬನ್ ಡೈಆಕ್ಸೈಡ್ ಹೀರುತ್ತಲೇ ಇರುತ್ತದೆ, ಕುದಿಸುವಾಗ ಗಾಜನ್ನೂ ಸ್ವಲ್ಪ ತಿನ್ನುತ್ತದೆ. ಬ್ಲಾಂಕ್ ಕೂಡ ಅದೇ ಪೈಪೆಟ್, ಅಷ್ಟೇ ಹೊತ್ತು, ಅದೇ ಬಿಸಿ ನೋಡಿದರೆ ಮಾತ್ರ ಈ ತಪ್ಪುಗಳು ಒಂದಕ್ಕೊಂದು ವಜಾ ಆಗುತ್ತವೆ.

ಇನ್ನು ಕುದಿಸಿದ್ದು ಸಾಕಾಯಿತಾ ಅಂತ ಗಡಿಯಾರ ಮಾತ್ರ ನೋಡಬೇಡಿ, ಫ್ಲಾಸ್ಕ್ ನೋಡಿ. ಎಣ್ಣೆಯ ಹನಿಗಳು ಹೋಗಿ ದ್ರಾವಣ ಒಂದೇ ಸಮ ತಿಳಿಯಾಗಬೇಕು. ಬಿಸಿ ಇರುವಾಗಲೇ ಟೈಟ್ರೇಟ್ ಮಾಡಿ, ತಣ್ಣಗಾದರೆ ಸೋಪ್ ಹೆಪ್ಪುಗಟ್ಟುತ್ತದೆ. ಎಣ್ಣೆ ಕಡುಬಣ್ಣದ್ದಾದರೆ ಫಿನಾಲ್ಫ್ತಲೀನ್ ಸೂಚಕದ ಗುಲಾಬಿ ಕಾಣಿಸಲ್ಲ, ಆಲ್ಕಲಿ ಬ್ಲೂ ಅನ್ನೋ ಇನ್ನೊಂದು ಸೂಚಕ ಬಳಸಿ. ಕೊಬ್ಬರಿ ಎಣ್ಣೆಯಾದರೆ 2 ಗ್ರಾಂ ಬೇಡ, ಒಂದೂವರೆ ಸಾಕು. ಸ್ಯಾಂಪಲ್ ರೀಡಿಂಗ್ ಬ್ಲಾಂಕ್‌ನ ಅರ್ಧದ ಆಸುಪಾಸು ಬಂದರೆ ಉತ್ತರ ಚೆನ್ನಾಗಿ ಬರುತ್ತದೆ.

ಕ್ರೀಮ್, ಬಾಮ್ ಮಾಡುವವರು:
ನನ್ನದು ಒಂದೇ ಎಚ್ಚರಿಕೆ. ಜೇನುಮೇಣ, ಹೊಹೊಬಾ ಇವೆರಡರ ವ್ಯಾಲ್ಯೂ 90ರ ಆಸುಪಾಸು. ಇವು ಟ್ರೈಗ್ಲಿಸರೈಡ್ ಅಲ್ಲ, ಮೇಣ. ಮೇಲೆ ಹೇಳಿದ ಅಣುತೂಕದ ಸೂತ್ರ, ಗ್ಲಿಸರಿನ್ ಸೂತ್ರ ಎರಡೂ ಇವಕ್ಕೆ ಹಾಕಬೇಡಿ, ಇವುಗಳಿಂದ ಗ್ಲಿಸರಿನ್ ಬರೋದೇ ಇಲ್ಲ. ಸೋಪ್‌ಗೆ ಎಷ್ಟು ಕ್ಷಾರ ಬೇಕು ಅನ್ನುವ ಲೆಕ್ಕ ಮಾತ್ರ ನಡೆಯುತ್ತದೆ. ಶಿಯಾ ಬೆಣ್ಣೆಯಲ್ಲೂ ಸೋಪ್ ಆಗದ ಭಾಗ ಬೇರೆ ಎಣ್ಣೆಗಳಿಗಿಂತ ಜಾಸ್ತಿ. ಕ್ರೀಮ್‌ಗೆ ಅದೇ ಬೇಕಾಗಿರೋದು, ಹಾಗಾಗಿ ನಾನಂತೂ ರಿಪೋರ್ಟ್‌ನಲ್ಲಿ ಅನ್‌ಸಪಾನಿಫಯಬಲ್ ಅನ್ನೋ ಸಾಲನ್ನೇ ಮೊದಲು ನೋಡುತ್ತೇನೆ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಧನ್ಯವಾದ. ಕೊನೆಯದಾಗಿ, ಲಿಕ್ವಿಡ್ ಸೋಪ್‌ಗೆ ಪೊಟ್ಯಾಶ್ ತಂದಿದ್ದೇನೆ. ಡಬ್ಬದ ಮೇಲೆ 90 ಪರ್ಸೆಂಟ್ ಅಂತ ಇದೆ. ಆಗ 216.8 ಗ್ರಾಮೇ ಹಾಕಬೇಕಾ?

ಸೋಪ್ ಮಾಡುವವರು:
ಇಲ್ಲ. ಚಾರ್ಟ್‌ನ ನಂಬರ್ ನೂರಕ್ಕೆ ನೂರು ಶುದ್ಧ ಪೊಟ್ಯಾಶ್‌ಗೆ. 216.8 ಅನ್ನು 0.9ರಿಂದ ಭಾಗಿಸಿ, 241 ಗ್ರಾಂ. ಆಮೇಲೆ ಸೂಪರ್‌ಫ್ಯಾಟ್ ಕಡಿತ, ಲಿಕ್ವಿಡ್ ಸೋಪ್‌ಗೆ 5 ಬೇಡ, 2-3 ಪರ್ಸೆಂಟ್ ಇಡಿ, ಜಾಸ್ತಿ ಬಿಟ್ಟರೆ ಎಣ್ಣೆ ಮೇಲೆ ತೇಲುತ್ತದೆ. ಡಬ್ಬ ತೆರೆದ ಮೇಲೆ ಬಿಗಿಯಾಗಿ ಮುಚ್ಚಿ. ಪೊಟ್ಯಾಶ್ ಗಾಳಿಯ ತೇವ ಎಳೆದುಕೊಂಡು ಒದ್ದೆಯಾಗಿ ಅಂಟಿಕೊಂಡಿದ್ದರೆ ಮೇಲೆ ಬರೆದ 90 ಆಗಲೇ 90 ಆಗಿರಲ್ಲ, ಅಂಥದ್ದನ್ನು ಸೋಪ್‌ಗೆ ತೂಗೋಕೆ ಹೋಗಬೇಡಿ.